ಇಕ್ಕೆಲಮ್ಮನನ್ನು ಕಟ್ಟಿದ ಬಗೆ

ಟೇಬಲ್‌ಟಾಪ್ ಆಟಕ್ಕೆ, ಅಂದರೆ ಮೇಜಿನ ಸುತ್ತ ಕೂತು ಒಬ್ಬೊಬ್ಬರು ಒಂದು ಪಾತ್ರವಾಗಿ ಕಥೆ ಆಡುವ ಆಟಕ್ಕೆ, ಎರಡು ಮುಖದ ದೇವತೆ ಬೇಕೆಂದಾಗ ಹೆಚ್ಚಿನವರು ಚಿತ್ರದಿಂದ ಶುರುಮಾಡುತ್ತಾರೆ: ಅರ್ಧ ಬೆಳಕು, ಅರ್ಧ ಕತ್ತಲು, ನಡುವೆ ಒಂದು ಗೆರೆ. ಚಿತ್ರವೇನೋ ಚೆನ್ನಾಗಿ ಬರುತ್ತದೆ, ಆದರೆ ಆಟದಲ್ಲಿ ಆ ದೇವತೆಗೆ ಕೆಲಸವೇ ಇರುವುದಿಲ್ಲ. ನಮ್ಮ ಆಟದ ಬಹುವಿಶ್ವದ, ಅಂದರೆ ಹಲವು ಲೋಕಗಳ ಜಗತ್ತಿನ, ದೇವತೆ ಇಕ್ಕೆಲಮ್ಮನಿಗೆ ನಾನು ಮೊದಲು ಬರೆದದ್ದು ಯಾರಿಗೆ ಯಾವ ಮುಖ ಕಾಣುತ್ತದೆ ಎಂಬ ನಿಯಮವನ್ನು. ಮುಖ ಹೇಗಿದೆ ಎಂಬುದು ಕೊನೆಗೆ ಬಂತು.

ಅವಳ ಗುಡಿಗಳಿರುವುದು ಮೂರು ಲೋಕಗಳ ನಡುವಿನ ಗಡಿಗಳಲ್ಲಿ. ಹುಟ್ಟಿದ ಲೋಕ ಬಿಟ್ಟು ಹೊರಟವರಿಗೆ ಅವಳು ಕಣ್ಣು ತೆರೆದ ಮುದುಕಿ. ಹುಟ್ಟಿದ ಲೋಕಕ್ಕೆ ಮರಳುತ್ತಿರುವವರಿಗೆ ಕಣ್ಣು ಮುಚ್ಚಿದ ಹುಡುಗಿ. ಎರಡೂ ಅಲ್ಲದವರಿಗೆ, ಅಂದರೆ ತಮ್ಮದಲ್ಲದ ಒಂದು ಲೋಕದಿಂದ ತಮ್ಮದಲ್ಲದ ಇನ್ನೊಂದಕ್ಕೆ ಹೋಗುವವರಿಗೆ, ಧ್ವನಿ ಮಾತ್ರ. ಈ ಮೂರನೆಯ ಸಾಲು ಬಿಟ್ಟುಹೋದರೆ ನಿಯಮ ಮೊದಲ ಆಟದಲ್ಲೇ ಮುರಿಯುತ್ತದೆ. ಆಟಗಾರ ತನ್ನ ಪಾತ್ರದ ವಿವರ ಬರೆದಿಡುವ ಹಾಳೆಯಲ್ಲಿ ‘ಹುಟ್ಟಿದ ಲೋಕ’ ಎಂಬ ಕಾಲಂ ಕಡ್ಡಾಯ. ಹೀಗಾದಾಗ ಒಂದೇ ಗಡಿಯಲ್ಲಿ ಒಟ್ಟಿಗೆ ನಿಂತವರು ಒಬ್ಬಳನ್ನೇ ಬೇರೆ ಬೇರೆಯಾಗಿ ಕಾಣುತ್ತಾರೆ, ಜಗಳ ತಾನಾಗಿ ಹುಟ್ಟುತ್ತದೆ.

ಮಾದರಿಗೆ ಬಾದಾಮಿಯ ಮೊದಲನೇ ಗುಹೆಯ ಹರಿಹರನನ್ನು ನೋಡಿದರೆ ಅರ್ಧ ಶಿವ, ಅರ್ಧ ವಿಷ್ಣು. ಶಿಲ್ಪವಾಗಿ ಅದ್ಭುತ, ಆಟಕ್ಕೆ ಮಾತ್ರ ಒಗ್ಗದು, ಏಕೆಂದರೆ ನೋಡುವವನಿಗೆ ಎರಡೂ ಒಟ್ಟಿಗೇ ಕಾಣುತ್ತವೆ, ದೃಷ್ಟಿಗೆ ಅಲ್ಲಿ ಪಾಲಿಲ್ಲ. ನನಗೆ ಬೇಕಾದದ್ದು ತಮಿಳುನಾಡಿನ ದಾರಾಸುರಂನ ಐರಾವತೇಶ್ವರ ದೇವಾಲಯದಲ್ಲಿದೆ. ಅಲ್ಲಿಯ ಒಂದು ಉಬ್ಬುಶಿಲ್ಪದಲ್ಲಿ ತಲೆ ಒಂದೇ, ಮೈ ಎರಡು. ಒಂದು ಮೈಯನ್ನು ಅಂಗೈಯಿಂದ ಮುಚ್ಚಿದರೆ ಎತ್ತು, ಇನ್ನೊಂದನ್ನು ಮುಚ್ಚಿದರೆ ಆನೆ. ಹಂಚಿಕೊಂಡ ಆ ತಲೆಯೇ ಅದರ ಗುಟ್ಟು.

ಅದನ್ನೇ ಚೀಟಿಗಳಿಗೆ ಇಳಿಸಿದೆ. ದರ್ಶನದ ಹೊತ್ತಿಗೆ ಪ್ರತಿ ಆಟಗಾರನಿಗೂ ಒಂದು ಚೀಟಿ, ಇಪ್ಪತ್ತೈದರಿಂದ ಮೂವತ್ತು ಪದ. ಮುದುಕಿ ಮತ್ತು ಹುಡುಗಿಯ ಚೀಟಿಗಳಲ್ಲಿ ಮೂರು ಸಂಗತಿ ಒಂದೇ ಇರಬೇಕು: ನಿಂತ ಜಾಗ, ಧ್ವನಿ, ಬಲಗೈಯ ದೀಪ. ಎರಡು ಬೇರೆ: ವಯಸ್ಸು, ಕಣ್ಣು. ಒಂದೇ ಇರುವುದು ಕಡಿಮೆಯಾದರೆ ಆಟಗಾರರು ಇಬ್ಬರು ದೇವತೆಗಳಿದ್ದಾರೆಂದು ತೀರ್ಮಾನಿಸುತ್ತಾರೆ, ಹೆಚ್ಚಾದರೆ ವ್ಯತ್ಯಾಸ ಯಾರ ಗಮನಕ್ಕೂ ಬರುವುದಿಲ್ಲ. ಧ್ವನಿ ಮಾತ್ರ ಕೇಳುವವರಿಗೂ ಚೀಟಿ ಕೊಡಿ, ಇಲ್ಲದಿದ್ದರೆ ಬರಿಗೈ ನೋಡಿಯೇ ಉಳಿದವರು ಊಹಿಸಿಬಿಡುತ್ತಾರೆ. ಓದಿದ ಮೇಲೆ ತಮ್ಮ ಮಾತಿನಲ್ಲಿ ಹೇಳಬಹುದು, ಚೀಟಿ ತೋರಿಸುವಂತಿಲ್ಲ. ‘ಕರುಣಾಮಯಿ’, ‘ಭಯಂಕರ’ ಇಂಥ ವಿಶೇಷಣಗಳನ್ನು ಹೊಡೆದುಹಾಕಿ. ಅವು ಕಂಡದ್ದನ್ನು ಹೇಳುವುದಿಲ್ಲ, ತೀರ್ಪು ಹೇಳುತ್ತವೆ.

ತೀರ್ಪಿನ ಮಾತು ಬಂದದ್ದರಿಂದ ಇನ್ನೊಂದು. ಒಂದು ಮುಖ ಒಳ್ಳೆಯದು, ಇನ್ನೊಂದು ಕೆಟ್ಟದ್ದು ಎಂದು ಮಾಡಿದರೆ ದ್ವಂದ್ವ ಒಂದೇ ಆಟಕ್ಕೆ ಮುಗಿಯುತ್ತದೆ. ಒಂದು ನಿಜ, ಇನ್ನೊಂದು ಭ್ರಮೆ ಎಂದರೆ ಇನ್ನೂ ಕೆಟ್ಟದು, ಭ್ರಮೆಯನ್ನು ಎಲ್ಲರೂ ಪಕ್ಕಕ್ಕೆ ತಳ್ಳಿ ಮುಂದೆ ಹೋಗುತ್ತಾರೆ. ಮುಂಡಕೋಪನಿಷತ್ತಿನ ಎರಡು ಹಕ್ಕಿಗಳಲ್ಲಿ ಒಂದು ಹಣ್ಣು ತಿನ್ನುತ್ತದೆ, ಇನ್ನೊಂದು ಸುಮ್ಮನೆ ನೋಡುತ್ತದೆ. ಅಲ್ಲಿ ಖಳನಾಯಕ ಹಕ್ಕಿ ಇಲ್ಲ. ಇಕ್ಕೆಲಮ್ಮನಲ್ಲೂ ಹಾಗೇ: ಮುದುಕಿ ದಾರಿ ಹೇಳುತ್ತಾಳೆ, ಬದಲಿಗೆ ಒಂದು ನೆನಪು ಕೇಳುತ್ತಾಳೆ. ಹುಡುಗಿ ನೆನಪು ಹಿಂದಿರುಗಿಸುತ್ತಾಳೆ, ಬದಲಿಗೆ ಬಂದ ದಾರಿಯನ್ನು ಮರೆಸುತ್ತಾಳೆ. ಇಬ್ಬರು ಕೊಟ್ಟದ್ದೂ ಎಲ್ಲ ಪಾತ್ರಗಳಿಗೂ ನಿಜ.

ಎರಡು ಮುಖವನ್ನೂ ಕಾಣಲು ಯತ್ನಿಸುವವರು ಆರು ಮುಖದ ಎರಡು ದಾಳ ಹಾಕಿ 10 ಅಥವಾ ಹೆಚ್ಚು ಪಡೆಯಬೇಕು. 36ರಲ್ಲಿ 6 ಸಾಧ್ಯತೆ. ನಾಲ್ವರು ಹಾಕಿದರೆ ಒಬ್ಬರಿಗಾದರೂ ಬೀಳುವ ಸಂಭವ ಸುಮಾರು ಶೇ. 52. ಗುರಿಯನ್ನು 9ಕ್ಕೆ ಇಳಿಸಿದರೆ ಅದು ಸುಮಾರು ಶೇ. 73 ಆಗುತ್ತದೆ, ರಹಸ್ಯ ಉಳಿಯುವುದಿಲ್ಲ. 11ಕ್ಕೆ ಏರಿಸಿದರೆ ಶೇ. 29, ಆಟಗಾರರು ಯತ್ನವನ್ನೇ ಬಿಡುತ್ತಾರೆ.

ಗೆದ್ದವರಿಗೆ ಬೆರಕೆ ರೂಪ ತೋರಿಸಬೇಡಿ. ಎರಡು ಕಣ್ಣಿಗೆ ಪೂರ್ತಿ ಬೇರೆ ಬೇರೆ ಚಿತ್ರ ಕೊಟ್ಟಾಗ ಮಿದುಳು ಅವನ್ನು ಬೆರೆಸುವುದಕ್ಕಿಂತ ಕೆಲವು ಸೆಕೆಂಡಿಗೊಮ್ಮೆ ಒಂದನ್ನು ಮುಂದೆ ತಂದು ಇನ್ನೊಂದನ್ನು ಮರೆಮಾಡುತ್ತದೆ. ಡೆನ್ಮಾರ್ಕಿನ ಮನಶ್ಶಾಸ್ತ್ರಜ್ಞ ಎಡ್ಗರ್ ರೂಬಿನ್ 1915ರಲ್ಲಿ ಪ್ರಕಟಿಸಿದ ಹೂದಾನಿ ಚಿತ್ರ ಒಮ್ಮೆ ಹೂದಾನಿಯಾಗಿ, ಒಮ್ಮೆ ಎದುರುಬದುರಾದ ಎರಡು ಮುಖಗಳಾಗಿ ಕಾಣುತ್ತದೆ; ಅದರಲ್ಲೂ ಹೂದಾನಿ ಕಂಡಾಗ ಮುಖಗಳು ಹಿನ್ನೆಲೆಗೆ ಸರಿಯುತ್ತವೆ. ಆದ್ದರಿಂದ ಗೆದ್ದವನಿಗೆ ಎರಡನೇ ಚೀಟಿಯನ್ನೂ ಕೊಡಿ, ಒಂದು ಹೊತ್ತಿಗೆ ಒಂದನ್ನೇ ಹಿಡಿಯಬೇಕೆಂದು ಹೇಳಿ. ದಂಡ: ಮುಂದಿನ ದೃಶ್ಯ ಮುಗಿಯುವವರೆಗೆ ದೂರದ ಅಂದಾಜು ತಪ್ಪುತ್ತದೆ, ಬಿಲ್ಲು, ಕಲ್ಲೆಸೆತಕ್ಕೆಲ್ಲ ದಾಳದಲ್ಲಿ 2 ಕಡಿತ.

ನನಗೆ ತುಂಬ ಇಷ್ಟವಾದ ಭಾಗ ಪ್ರಾರ್ಥನೆಯ ಕಾರ್ಡು, ಕಾಣುವುದು ನೋಡುವವನ ಕಣ್ಣಿಗೆ ಬಿಟ್ಟದ್ದು ಎಂಬುದನ್ನು ಆಟಗಾರರು ತಾವೇ ಕಂಡುಕೊಳ್ಳಲೆಂದು. ಬಿಳಿ ರಟ್ಟಿನ ಎಡಕ್ಕೆ ಒಂದು ಅಡ್ಡಗುರುತು, ಬಲಕ್ಕೆ 1 ಸೆಂ.ಮೀ. ಅಗಲದ ಕಪ್ಪು ಚುಕ್ಕೆ, ನಡುವೆ 8 ಸೆಂ.ಮೀ. ಎಡಗಣ್ಣು ಮುಚ್ಚಿ, ಬಲಗಣ್ಣಿನಿಂದ ಅಡ್ಡಗುರುತನ್ನೇ ನೋಡುತ್ತ ಕಾರ್ಡನ್ನು ಹತ್ತಿರ ತಂದರೆ ಸುಮಾರು 30 ಸೆಂ.ಮೀ. ದೂರದಲ್ಲಿ ಚುಕ್ಕೆ ಮಾಯ. ಬಿಂಬ ಕಣ್ಣಿನ ಕುರುಡುಚುಕ್ಕೆಯ, ಅಂದರೆ ಬೆಳಕನ್ನು ಗ್ರಹಿಸದ ಜಾಗದ, ಮೇಲೆ ಬೀಳುತ್ತದೆ, ಖಾಲಿ ಜಾಗವನ್ನು ಮಿದುಳು ಸುತ್ತಲಿನ ಬಿಳಿಯಿಂದ ತುಂಬುತ್ತದೆ. ಅಂತರ 5 ಸೆಂ.ಮೀ. ಇಟ್ಟರೆ ಕಾರ್ಡನ್ನು 18-19 ಸೆಂ.ಮೀ.ಗೆ ತರಬೇಕು, ಚಾಳೀಸು ಬಂದವರಿಗೆ ಅಷ್ಟು ಹತ್ತಿರ ಅಡ್ಡಗುರುತು ಮಸುಕಾಗುತ್ತದೆ. ಚುಕ್ಕೆ ಅಲುಗಾಡುತ್ತಿದ್ದರೆ ದೃಷ್ಟಿ ಅತ್ತ ಜಾರುತ್ತಿದೆ ಎಂದೇ ಅರ್ಥ.

ಕನ್ನಡಿಯಲ್ಲಿ ನೋಡಿದರೆ? ಕುರುಡ ಪಾತ್ರ ಬಂದರೆ? ಕುದುರೆಗೆ ಏನು ಕಾಣುತ್ತದೆ? ಈ ಮೂರನ್ನು ಯಾರಾದರೂ ಕೇಳಿಯೇ ಕೇಳುತ್ತಾರೆ. ಕನ್ನಡಿಯಲ್ಲೂ ಅದೇ ಮುಖ, ಏಕೆಂದರೆ ನಿಯಮ ನೋಡುವವನಿಗೆ ಅಂಟಿದೆ. ಕುರುಡರ ಚೀಟಿಯಲ್ಲಿ ವಯಸ್ಸು, ಕಣ್ಣಿನ ಬದಲು ವಾಸನೆ, ಬೆರಳಿನ ಸ್ಪರ್ಶ. ಕುದುರೆಗೂ ಹುಟ್ಟಿದ ಲೋಕವಿದೆ, ಅದನ್ನೂ ಹಾಳೆಯಲ್ಲಿ ಬರೆದಿಡಿ.