ಗಳಿಗೆ ಬಟ್ಟಲು: 24 ನಿಮಿಷಕ್ಕೆ ಸರಿಯಾಗಿ ಮುಳುಗುವಂತೆ ಮಾಡುವುದು ಹೇಗೆ?

ಗಳಿಗೆ ಬಟ್ಟಲು ಅಂದರೆ ಹಿಂದೆ ಹೊತ್ತು ಅಳೆಯಲು ನೀರಿನ ಮೇಲೆ ತೇಲಿಬಿಡುತ್ತಿದ್ದ, ತಳದ ತೂತಿನಿಂದ ನೀರು ತುಂಬಿ ಮುಳುಗುವ ಬಟ್ಟಲು. ಬಟ್ಟಲಿಗೆ ತೂತು ಕೊರೆಯುವುದು ಹತ್ತು ನಿಮಿಷದ ಕೆಲಸ. ಅದು ಒಂದು ಗಳಿಗೆಗೆ, ಅಂದರೆ 24 ನಿಮಿಷಕ್ಕೆ, ಸರಿಯಾಗಿ ಮುಳುಗುವ ಹಾಗೆ ಪಳಗಿಸಲು ಎರಡು ಭಾನುವಾರವಾದರೂ ಬೇಕು. ಹಳೆಯ ಸಂಸ್ಕೃತ ಖಗೋಳ ಗ್ರಂಥ ‘ಸೂರ್ಯಸಿದ್ಧಾಂತ’ ಇದನ್ನು ಕಪಾಲಯಂತ್ರ ಅನ್ನುತ್ತದೆ: ತಳದಲ್ಲಿ ರಂಧ್ರವಿರುವ ತಾಮ್ರದ ಪಾತ್ರೆ, ತಿಳಿನೀರಿನ ಕುಂಡದಲ್ಲಿ ಬಿಟ್ಟರೆ ಹಗಲು–ರಾತ್ರಿ ಸೇರಿ ಅರವತ್ತು ಸಲ ಮುಳುಗಬೇಕು. ಅಲ್ಲಿ ‘ತಿಳಿನೀರು’ ಎಂದಿರುವುದು ಶ್ಲೋಕ ತುಂಬಿಸಲು ಅಲ್ಲ. ಯಾಕೆಂದು ಮುಂದೆ ಗೊತ್ತಾಗುತ್ತದೆ.

ಬಟ್ಟಲು ಅರ್ಧಗೋಳದ ಆಕಾರದಲ್ಲಿರಲಿ. ಬಾಯಿ 12 ಸೆಂ.ಮೀ., ಆಳ 6 ಸೆಂ.ಮೀ., ತೂಕ ಸುಮಾರು 150 ಗ್ರಾಂ. ಹಳೆಯ ಲೆಕ್ಕವೂ ಇದೇ ಪ್ರಮಾಣದ್ದು, ಹನ್ನೆರಡು ಅಂಗುಲ ಅಗಲ, ಆರು ಅಂಗುಲ ಎತ್ತರ. ಅಂಗುಲ ದೊಡ್ಡದಾದ್ದರಿಂದ ಪಾತ್ರೆಯೂ ದೊಡ್ಡದು, ಅಷ್ಟೇ. ಪಾತ್ರೆ ಅಂಗಡಿಯಲ್ಲಿ ಕೊಳ್ಳುವಾಗ ಮಗುಚಿ ನೋಡಿ. ಕೆಳಗೆ ಕೂರಲು ಬಳೆಯಂಥ ಅಂಚು ಕೂಡಿಸಿದ್ದರೆ ಬೇಡ. ನೀರಿಗೆ ಬಿಟ್ಟಾಗ ಆ ಬಳೆಯೊಳಗೆ ಗಾಳಿ ಸಿಕ್ಕಿಕೊಂಡು ಲೆಕ್ಕ ಏರುಪೇರಾಗಬಹುದು. ಬಾಯಿಯ ಅಂಚು ಒಂದೇ ಮಟ್ಟದಲ್ಲಿದೆಯೇ ಎಂದು ಗಾಜಿನ ಮೇಲೆ ಬೋರಲು ಹಾಕಿ ನೋಡಿ, ಎದ್ದಿರುವ ಕಡೆ ಅರದಿಂದ ಉಜ್ಜಿ. ಇಲ್ಲವಾದರೆ ತಗ್ಗಿನ ಕಡೆಯಿಂದ ನೀರು ಮೊದಲೇ ನುಗ್ಗುತ್ತದೆ.

ಈ ಅಳತೆಯ ಬಟ್ಟಲಿಗೆ ಕೊನೆಗೆ ಬೇಕಾಗುವ ರಂಧ್ರ ಸುಮಾರು 0.9ರಿಂದ 1 ಮಿ.ಮೀ. ಆದರೆ 0.8 ಮಿ.ಮೀ. ಬಿಟ್‌ನಿಂದ ಶುರುಮಾಡಿ. ಒಳಗಡೆ ನಟ್ಟನಡುವೆ ಪಂಚ್‌ನಿಂದ ಗುರುತು ಹೊಡೆದು, ಕೆಳಗೆ ಮರದ ತುಂಡು ಕೊಟ್ಟು, ಕೈಡ್ರಿಲ್‌ನಲ್ಲಿ ನಿಧಾನವಾಗಿ ಕೊರೆಯಿರಿ. ಅಷ್ಟು ಸಣ್ಣ ಬಿಟ್ ಕೈಗೆ ಒಗ್ಗದಿದ್ದರೆ ಅಕ್ಕಸಾಲಿಗರ ಹತ್ತಿರ ಕೊಡಿ, ಅವರಿಗದು ದಿನದ ಕೆಲಸ. ಹಿಂದಿನವರು ಮೂರೂಕಾಲು ಮಾಷಕ್ಕೆ (ಮಾಷ ಎಂದರೆ ಚಿನ್ನ ತೂಗುವ ಹಳೆಯ ಸಣ್ಣ ತೂಕ) ತುಸು ಹೆಚ್ಚು ಚಿನ್ನವನ್ನು ನಾಲ್ಕು ಅಂಗುಲ ಉದ್ದದ ಸೂಜಿ ಮಾಡಿ, ಅದರಿಂದ ತೂತು ಮಾಡಬೇಕೆಂದು ಬರೆದಿಟ್ಟರು. ತೂಕ, ಉದ್ದ ಎರಡೂ ಗೊತ್ತಾದರೆ ದಪ್ಪ ತಾನಾಗಿಯೇ ನಿಗದಿಯಾಗುತ್ತದೆ. ಮಿಲಿಮೀಟರ್ ಪಟ್ಟಿ ಇಲ್ಲದ ಕಾಲಕ್ಕೆ ಬಲು ಜಾಣ ಉಪಾಯ. ಕೊರೆದ ಮೇಲೆ ಎರಡೂ ಬದಿಯ ಸಿಬಿರನ್ನು ನಯವಾದ ಸ್ಯಾಂಡ್‌ಪೇಪರಿನಿಂದ ತೆಗೆಯಿರಿ.

ನೀರಿಗೆ ಅಗಲ ಬಾಯಿಯ ಪಾತ್ರೆ ಬೇಕು. ಬಟ್ಟಲಿನ ಎರಡರಷ್ಟಾದರೂ ಅಗಲ, ಕನಿಷ್ಠ 15 ಸೆಂ.ಮೀ. ನೀರು. ಕಿರಿದಾದ ಪಾತ್ರೆಯಲ್ಲಿ ಬಟ್ಟಲು ಮೆಲ್ಲಗೆ ತೇಲಿಹೋಗಿ ಗೋಡೆಗೆ ಅಂಟಿಕೊಳ್ಳುತ್ತದೆ, ವಾಲುತ್ತದೆ.

ಮೊದಲ ಸಲ ಬಿಟ್ಟಾಗ ಒಂದು ಹನಿಯೂ ಒಳಗೆ ಬಾರದಿದ್ದರೆ ಗಾಬರಿ ಬೇಡ. ಕೈಯ ಜಿಡ್ಡೇ ಕಾರಣ. ಜಿಡ್ಡಿನ ತಾಮ್ರವನ್ನು ನೀರು ತೋಯಿಸುವುದಿಲ್ಲ. ರಂಧ್ರದ ಬಾಯಲ್ಲಿ ಉಬ್ಬಿದ ಸಣ್ಣ ಗುಳ್ಳೆಯಾಗಿ ನಿಂತುಬಿಡುತ್ತದೆ, ಕೆಳಗಿನ ಒತ್ತಡ ಅದನ್ನು ದಾಟಿಸಲು ಸಾಲದು. ಹುಣಸೆಹಣ್ಣು ಹಾಕಿ ಒಳಗೂ ಹೊರಗೂ ಉಜ್ಜಿ ತೊಳೆಯಿರಿ. ಬಿಡುವ ಮುನ್ನ ಒದ್ದೆ ಬೆರಳಿನಿಂದ ಒಳಗಡೆ ರಂಧ್ರದ ಮೇಲೆ ಒಮ್ಮೆ ಸವರಿ. ಆಗ ಗುಳ್ಳೆಯಾಗಿ ನಿಲ್ಲುವ ಬದಲು ಊಟೆಯ ಹಾಗೆ ನೀರು ಹರಡಿಕೊಂಡು ಏಳುತ್ತದೆ.

ಬಟ್ಟಲು ನೀರು ಮುಟ್ಟಿದಾಗ ಮೊಬೈಲಿನ ಸ್ಟಾಪ್‌ವಾಚ್ ಒತ್ತಿ, ಅಂಚು ಮುಳುಗಿ ‘ಬುಳಕ್’ ಅಂದಾಗ ನಿಲ್ಲಿಸಿ. ಮೂರು ಸಲ ನೋಡಿ ಸರಾಸರಿ ತೆಗೆಯಿರಿ. ಮುಳುಗುವ ಹೊತ್ತು ರಂಧ್ರದ ವ್ಯಾಸದ ವರ್ಗಕ್ಕೆ ವಿಲೋಮ. 30 ನಿಮಿಷ ಬಂತೆನ್ನಿ, ವ್ಯಾಸ ಶೇ 12ರಷ್ಟು ಹಿಗ್ಗಿದರೆ ಸಾಕು, ಅಂದರೆ ಒಂದು ಮಿಲಿಮೀಟರಿನ ಹತ್ತನೇ ಒಂದು ಪಾಲು. ಚೂಪಾದ ಸೂಜಿಯನ್ನು ಒಂದೆರಡು ಸುತ್ತು ತಿರುಗಿಸಿ, ಮತ್ತೆ ಅಳೆಯಿರಿ, ಮತ್ತೆ ತಿರುಗಿಸಿ. ಇಲ್ಲಿ ಆತುರ ಮಾಡುವವರೇ ಬಟ್ಟಲು ಕೆಡಿಸುವುದು.

25 ನಿಮಿಷಕ್ಕೆ ಬಂದ ಮೇಲೆ ಸೂಜಿ ಕೆಳಗಿಡಿ. ಉಳಿದದ್ದನ್ನು ತೂಕದಿಂದ ಸರಿಮಾಡಿ. ಬಟ್ಟಲು ಭಾರವಾದಷ್ಟೂ ಆಳಕ್ಕೆ ಇಳಿದು ಒಳಗಿನ–ಹೊರಗಿನ ನೀರಿನ ಮಟ್ಟದ ಅಂತರ ಹೆಚ್ಚುತ್ತದೆ, ನೀರು ಜೋರಾಗಿ ನುಗ್ಗುತ್ತದೆ. 7–8 ಗ್ರಾಂ ತಾಮ್ರದ ತಂತಿಯನ್ನು ಉಂಗುರ ಮಾಡಿ ರಂಧ್ರದ ಸುತ್ತ ಕೂರಿಸಿದರೆ ಸುಮಾರು ಒಂದು ನಿಮಿಷ ಇಳಿಯುತ್ತದೆ. ಜಾಸ್ತಿಯಾದರೆ ತಂತಿಯನ್ನು ತುಂಡು ಮಾಡಿ. 24ಕ್ಕಿಂತ ಕಡಿಮೆಗೆ ಜಾರಿತೋ, ರಂಧ್ರದ ಅಂಚನ್ನು ಹೊರಗಿನಿಂದ ಸಣ್ಣ ಸುತ್ತಿಗೆಯಲ್ಲಿ ಹಗುರವಾಗಿ ತಟ್ಟಿ. ತಾಮ್ರ ಮೆತ್ತಗಿರುವುದರಿಂದ ತೂತು ಸ್ವಲ್ಪ ಬಿಗಿಯುತ್ತದೆ.

ನೀರನ್ನು ತೆಳುಬಟ್ಟೆಯಲ್ಲಿ ಸೋಸಿಯೇ ಹಾಕಿ, ಒಂದು ಕಸದ ಎಳೆ ಸಿಕ್ಕಿದರೂ ಲೆಕ್ಕ ಕೆಟ್ಟಿತು. ಬೋರ್‌ವೆಲ್ ನೀರಾದರೆ ದಿನ ಕಳೆದಂತೆ ರಂಧ್ರದ ಒಳಗೆ ಸುಣ್ಣದ ಪೊರೆ ಕಟ್ಟಿ ಗಳಿಗೆ ಉದ್ದವಾಗುತ್ತಾ ಹೋಗುತ್ತದೆ. ಹುಣಸೆ ನೀರಲ್ಲಿ ನೆನೆಸಿದರೆ ಬಿಡುತ್ತದೆ, ಸೂಜಿ ತೂರಿಸಬೇಡಿ. ಬಿಸಿನೀರಲ್ಲಿ ಬಟ್ಟಲು ಬೇಗ ಮುಳುಗುತ್ತದೆ, ಹಾಗಾಗಿ ಅಳೆದಾಗಲೂ ಬಳಸುವಾಗಲೂ ನೆರಳಲ್ಲಿ ಇಟ್ಟ ನೀರೇ ಇರಲಿ.

ಕಾಲು, ಅರೆ, ಮುಕ್ಕಾಲು ಗಳಿಗೆಯ ಗೆರೆ ಬೇಕಿದ್ದರೆ 6, 12, 18ನೇ ನಿಮಿಷಕ್ಕೆ ಒಳಗೆ ನೀರು ನಿಂತ ಮಟ್ಟವನ್ನು ಗುರುತು ಮಾಡಿ. ತಳ ದುಂಡಗಿರುವುದರಿಂದ ಗೆರೆಗಳು ಸಮದೂರದಲ್ಲಿ ಬರುವುದಿಲ್ಲ, ಪಟ್ಟಿಯಿಟ್ಟು ಭಾಗ ಮಾಡಲು ಹೋಗಬೇಡಿ.

ಮುಹೂರ್ತ ಎಣಿಸಲು ಎರಡು ಗಳಿಗೆ, 48 ನಿಮಿಷ ಸಾಕು. ಇಡೀ ದಿನ ಎಣಿಸುವುದಾದರೆ ಒಂದೇ ಬಟ್ಟಲನ್ನು ಎತ್ತಿ, ಚೆಲ್ಲಿ, ಮತ್ತೆ ಬಿಡುವಷ್ಟರಲ್ಲಿ ಸಲಕ್ಕೆ ಮೂರು ಸೆಕೆಂಡು ಹೋದರೂ ಅರವತ್ತು ಸಲಕ್ಕೆ ಮೂರು ನಿಮಿಷ. ಬಟ್ಟಲಲ್ಲಿ ಒಂದು ಚಿಕ್ಕ ಚಮಚದಷ್ಟು, 5 ಮಿ.ಲೀ., ನೀರು ಉಳಿದರೆ ಮುಂದಿನ ಗಳಿಗೆ ಸುಮಾರು 16 ಸೆಕೆಂಡು ಮೊದಲೇ ಮುಗಿಯುತ್ತದೆ. ಒಂದೇ ಅವಧಿಗೆ ಪಳಗಿಸಿದ ಎರಡು ಬಟ್ಟಲು ಇಟ್ಟುಕೊಂಡು, ಒಂದು ಮುಳುಗಿದ ಕ್ಷಣಕ್ಕೆ ಒರೆಸಿಟ್ಟ ಇನ್ನೊಂದನ್ನು ಬಿಡಿ. ಮುಳುಗಿದ್ದನ್ನು ಆಮೇಲೆ ಸಾವಕಾಶವಾಗಿ ಎತ್ತಿ ಒಣಗಿಸಬಹುದು.