ಸೂಪರ್‌ಹೀರೋ ಹೇಳಿದ ಮಾತನ್ನು ನಿಮ್ಮದಾಗಿ ಮಾಡಿಕೊಳ್ಳುವುದು ಹೇಗೆ

ಎರಡು ವರ್ಷದ ಹಿಂದೆ, ಅಕ್ಟೋಬರ್ ಮಳೆಯಲ್ಲಿ, ಬನಶಂಕರಿಯಿಂದ ಜಯನಗರದ ಕಡೆ ಬರುವಾಗ ಸ್ಕೂಟರ್ ಸಮೇತ ಬಿದ್ದೆ. ಗುಂಡಿಯಲ್ಲಿ ನೀರು ತುಂಬಿತ್ತು, ಆಳ ಗೊತ್ತಾಗಲಿಲ್ಲ. ಬಲಗೈ ಮಣಿಕಟ್ಟು ಮುರಿಯಿತು. ಆರು ವಾರ ಪ್ಲಾಸ್ಟರ್. ಮೂಳೆ ಕೂಡಿಕೊಂಡಿತು, ಆದರೆ ಸ್ಕೂಟರ್ ಮುಟ್ಟಲು ಧೈರ್ಯ ಬರಲಿಲ್ಲ. ನಾಲ್ಕು ತಿಂಗಳು ಅದು ಬೇಸ್‌ಮೆಂಟಿನಲ್ಲಿ ಕವರ್ ಹೊದ್ದುಕೊಂಡು ನಿಂತಿತ್ತು. ಬೆಕ್ಕೊಂದು ಸೀಟಿನ ಮೇಲೆ ಮಲಗಿ ಮಲಗಿ ಕವರಿನ ನಡುವೆ ಗುಂಡಗೆ ತಗ್ಗು ಬಿದ್ದಿತ್ತು.

ಆ ದಿನಗಳಲ್ಲೇ ಒಂದು ಭಾನುವಾರ ಅಕ್ಕನ ಮಗ ನಮ್ಮ ಮನೆಯಲ್ಲಿ 2005ರ ‘ಬ್ಯಾಟ್‌ಮನ್ ಬಿಗಿನ್ಸ್’ ಹಾಕಿಕೊಂಡು ಕೂತಿದ್ದ. ಮುಂದೆ ಬ್ಯಾಟ್‌ಮನ್ ಆಗುವ ಪುಟ್ಟ ಬ್ರೂಸ್ ವೇಯ್ನ್ ಹಳೇ ಬಾವಿಗೆ ಬೀಳುತ್ತಾನೆ, ಮೂಳೆಗೆ ಪೆಟ್ಟಾಗುತ್ತದೆ, ಬಾವಲಿಗಳು ಮುತ್ತುತ್ತವೆ. ಅಪ್ಪ ಹಗ್ಗ ಹಿಡಿದು ಕೆಳಗಿಳಿದು ಅವನನ್ನು ಮೇಲೆ ತರುತ್ತಾನೆ. ಆಮೇಲೆ ಕೇಳುತ್ತಾನೆ: ನಾವು ಬೀಳೋದು ಯಾಕೆ, ಬ್ರೂಸ್? ಎದ್ದು ನಿಲ್ಲೋದನ್ನ ಕಲಿಯೋಕೆ. ಹುಡುಗ ಸಿನಿಮಾ ನಿಲ್ಲಿಸಿ ನನ್ನ ಕಡೆ ತಿರುಗಿದ. "ಚಿಕ್ಕಮ್ಮ, ಇವನಿಗೂ ನಿನ್ನ ಥರಾನೇ ಆಗಿದೆ" ಅಂದ.

ಬ್ರೂಸ್‌ನ ಅಪ್ಪನ ಆ ಮಾತನ್ನು ನಾನು ಮೊದಲೂ ಎಷ್ಟೋ ಸಲ ಓದಿದ್ದೆ. ಯಾರೋ ವಾಟ್ಸಾಪ್‌ನಲ್ಲಿ ಕಳಿಸಿದ್ದರು, ಒಮ್ಮೆ ಫೋನಿನ ವಾಲ್‌ಪೇಪರ್ ಕೂಡ ಮಾಡಿಕೊಂಡಿದ್ದೆ. ಮೂರು ದಿನಕ್ಕೆ ಕಣ್ಣು ಅದನ್ನು ನೋಡುವುದನ್ನೇ ಬಿಟ್ಟಿತು. ಅವತ್ತು ಮಾತ್ರ ಅದು ನಾಟಿತು. ಯಾಕೆ ಅಂತ ಆಮೇಲೆ ತುಂಬಾ ಯೋಚಿಸಿದೆ. ಈಗ ಇಂಥ ಮಾತುಗಳನ್ನು ಬಳಸಲು ನನಗೊಂದು ದಾರಿ ಸಿಕ್ಕಿದೆ. ಅದನ್ನೇ ಇಲ್ಲಿ ಹೇಳುತ್ತೇನೆ.

ಮೊದಲನೆಯದು, ಕೊಟೇಷನ್ ಪಟ್ಟಿ ಹುಡುಕಲು ಹೋಗಬೇಡಿ. ನಿಮ್ಮ ಕಷ್ಟದಿಂದ ಶುರು ಮಾಡಿ. ಒಂದು ಚೀಟಿ ತಗೊಂಡು, ನಿಮ್ಮನ್ನು ಹಿಡಿದು ನಿಲ್ಲಿಸಿರುವುದು ಏನು ಅಂತ ಒಂದೇ ಸಾಲಿನಲ್ಲಿ ಬರೆಯಿರಿ. "ನನಗೆ ಮೋಟಿವೇಶನ್ ಇಲ್ಲ" ಅಂತ ಬರೆದರೆ ಪ್ರಯೋಜನವಿಲ್ಲ, ಅದು ಯಾರು ಬೇಕಾದರೂ ಹೇಳುವ ಮಾತು. "ಸಿಇಟಿ ರ‍್ಯಾಂಕ್ ಬಂದ ಮೇಲೆ ಪುಸ್ತಕ ತೆರೆಯೋಕೆ ಆಗ್ತಿಲ್ಲ", "ಕೆಲಸ ಹೋಗಿ ಎಂಟು ತಿಂಗಳಾಯ್ತು, ಮತ್ತೊಂದು ಇಂಟರ್‌ವ್ಯೂಗೆ ಔಟರ್ ರಿಂಗ್ ರೋಡ್ ಕಡೆ ಹೋಗೋಕೆ ಕಾಲು ಬರ್ತಿಲ್ಲ". ಹೀಗೆ ಬರೆಯಿರಿ. ನನ್ನ ಚೀಟಿಯಲ್ಲಿ ಇದ್ದದ್ದು "ಸ್ಕೂಟರ್ ಕೀ ಕೈಯಲ್ಲಿ ಹಿಡಿದರೆ ಬೆವರು ಬರುತ್ತೆ" ಅಂತ.

ಆಮೇಲೆ ಆ ಕಷ್ಟಕ್ಕೆ ಹೊಂದುವ ಒಂದು ಮಾತು ಹುಡುಕಿ. ಒಂದೇ ಸಾಕು. ಸಿಕ್ಕ ಮೇಲೆ ಅದನ್ನು ಯಾರು, ಯಾವಾಗ, ಯಾವ ಸ್ಥಿತಿಯಲ್ಲಿ ಹೇಳಿದರು ಅಂತ ಹೋಗಿ ನೋಡಿ. ಈ ಹೆಜ್ಜೆಯನ್ನು ಎಲ್ಲರೂ ಬಿಟ್ಟುಬಿಡುತ್ತಾರೆ, ಎಲ್ಲಕ್ಕಿಂತ ಮುಖ್ಯವಾದದ್ದು ಇದೇ.

ಕ್ಯಾಪ್ಟನ್ ಅಮೆರಿಕ ತಗೊಳ್ಳಿ. "ದಿನವಿಡೀ ಬೇಕಾದರೂ ಇದನ್ನ ಮಾಡಬಲ್ಲೆ" ಅನ್ನುವ ಅವನ ಮಾತನ್ನು ಟೀಶರ್ಟ್ ಮೇಲೆ ನೋಡಿದರೆ ದೊಡ್ಡ ಬಲಶಾಲಿಯ ಸವಾಲು ಅನಿಸುತ್ತದೆ. 2011ರ ಸಿನಿಮಾದಲ್ಲಿ ಅವನು ಮೊದಲು ಅದನ್ನು ಹೇಳುವುದು ಒಂದು ಗಲ್ಲಿಯಲ್ಲಿ ಒದೆ ತಿನ್ನುವಾಗ. ಅವನನ್ನು ಬಲಶಾಲಿ ಮಾಡುವ ಔಷಧಿ ಇನ್ನೂ ಕೊಟ್ಟಿಲ್ಲ, ಮೈಕಟ್ಟು ಬಂದಿಲ್ಲ. ಸಣಕಲು ಹುಡುಗ, ಕೈಯಲ್ಲಿ ಕಸದ ಡಬ್ಬಿಯ ಮುಚ್ಚಳವೇ ಗುರಾಣಿ. ಆ ಜಗಳ ಅವನು ಗೆಲ್ಲುವುದೂ ಇಲ್ಲ, ಗೆಳೆಯ ಬಕಿ ಬಂದು ಬಿಡಿಸುತ್ತಾನೆ. ಇದು ಗೊತ್ತಾದ ಮೇಲೆ ನನಗೆ ಆ ಮಾತು ಫಿಸಿಯೋಥೆರಪಿಗೆ ಉಪಯೋಗಕ್ಕೆ ಬಂತು. ನಿಂಬೆಹಣ್ಣಿಗಿಂತ ಸ್ವಲ್ಪ ದೊಡ್ಡ ರಬ್ಬರ್ ಚೆಂಡು ಕೊಟ್ಟಿದ್ದರು. ಒಂದು ಸಲಕ್ಕೆ 20 ಸಾರಿ ಹಿಸುಕಬೇಕು, ದಿನಕ್ಕೆ ಮೂರು ಸಲ. ಮೊದಲ ವಾರ ಆರನೆಯದಕ್ಕೇ ಬೆರಳು ನಡುಗಿ ಚೆಂಡು ಜಾರಿ ಸೋಫಾ ಕೆಳಗೆ ಉರುಳುತ್ತಿತ್ತು. ಬಗ್ಗಿ ತೆಗೆದುಕೊಳ್ಳುತ್ತಿದ್ದೆ, ಏಳನೆಯದು ಶುರು ಮಾಡುತ್ತಿದ್ದೆ. ಗೆಲ್ಲದಿದ್ದರೂ ನಿಂತಿರಬಹುದು ಅನ್ನುವುದನ್ನು ಆ ಸಣಕಲು ಹುಡುಗನೇ ತೋರಿಸಿದ್ದು.

ಥೋರ್ ವಿಷಯವೂ ಹೀಗೇ. 2019ರ ‘ಎಂಡ್‌ಗೇಮ್’ನಲ್ಲಿ ಅವನು ಸೋತು, ಕುಡಿದು, ಮೈ ಬಿಟ್ಟುಕೊಂಡು ಕೂತಿರುತ್ತಾನೆ. ಕಾಲದಲ್ಲಿ ಹಿಂದಕ್ಕೆ ಹೋದಾಗ ಅಮ್ಮ ಫ್ರಿಗ್ಗಾ ಸಿಗುತ್ತಾಳೆ. ತಾವು ಏನಾಗಬೇಕಿತ್ತೋ ಅದರಲ್ಲಿ ಎಲ್ಲರೂ ಸೋಲುತ್ತಾರೆ, ತಾವು ಇರುವ ಹಾಗೇ ಇದ್ದು ಎಷ್ಟು ಗೆಲ್ಲುತ್ತಾರೆ ಅನ್ನುವುದೇ ಅಳತೆ ಅಂತ ಸಮಾಧಾನ ಹೇಳುತ್ತಾಳೆ. ಹೊರಡುವಾಗ ಸೊಪ್ಪು ತರಕಾರಿ ತಿನ್ನು ಅಂತಲೂ ಹೇಳಿ ಕಳಿಸುತ್ತಾಳೆ. ಥೇಟ್ ನಮ್ಮ ಅಮ್ಮಂದಿರೇ, ಅಲ್ವಾ? ಮನೆಯವರು ಬಯಸಿದ್ದು ನಿಮ್ಮ ಕೈಲಿ ಆಗಲಿಲ್ಲ ಅನ್ನುವ ನೋವಿದ್ದರೆ ಆ ದೃಶ್ಯ ನೋಡಿ.

ನೋಡಲು ಎರಡು ನಿಮಿಷ ಸಾಕು. ಕಾಮಿಕ್ಸ್ ಓದುವವರಾದರೆ ಚರ್ಚ್ ಸ್ಟ್ರೀಟಿಗೆ ಹೋಗಿ, ಬ್ಲಾಸಮ್, ಬುಕ್‌ವರ್ಮ್ ಅಂಗಡಿಗಳಲ್ಲಿ ನಿಂತು ಹುಡುಕಿ. ಕೈಗೆ ಪುಸ್ತಕ ಬಂದರೆ ಮಾತಿನ ಹಿಂದೆ ಮುಂದೆ ಇರುವುದೂ ಕಣ್ಣಿಗೆ ಬೀಳುತ್ತದೆ. ಸ್ಪೈಡರ್‌ಮ್ಯಾನ್‌ನ ಆ ದೊಡ್ಡ ಮಾತು, ಶಕ್ತಿ ಜಾಸ್ತಿಯಾದಷ್ಟೂ ಜವಾಬ್ದಾರಿ ಜಾಸ್ತಿ ಅನ್ನುವುದು, ಅವನ ಅಂಕಲ್ ಬೆನ್ ಹೇಳಿದ್ದು ಅಂತಲೇ ಎಲ್ಲರ ನಂಬಿಕೆ. 1962ರಲ್ಲಿ ಸ್ಟ್ಯಾನ್ ಲೀ, ಸ್ಟೀವ್ ಡಿಟ್ಕೊ ಮಾಡಿದ ಮೊದಲ ಕತೆಯಲ್ಲಿ ಅದು ಯಾರ ಬಾಯಿಂದಲೂ ಬರುವುದಿಲ್ಲ. ಕಾಮಿಕ್ಸಿನ ಕೊನೆಯ ಚಿತ್ರಚೌಕದಲ್ಲಿ ನಿರೂಪಣೆಯಾಗಿ ಬರುತ್ತದೆ. ತಾನು ಸುಮ್ನೆ ಓಡಿಹೋಗಲು ಬಿಟ್ಟ ಕಳ್ಳನೇ ಅಂಕಲ್‌ನನ್ನು ಕೊಂದವನು ಅಂತ ತಿಳಿದು ಪೀಟರ್, ಅಂದರೆ ಸ್ಪೈಡರ್‌ಮ್ಯಾನ್, ಕತ್ತಲಲ್ಲಿ ಒಬ್ಬನೇ ನಡೆದು ಹೋಗುತ್ತಿರುತ್ತಾನೆ. ಅದು ಪಶ್ಚಾತ್ತಾಪದ ಹೊತ್ತಿನ ಮಾತು. ಹಾಗಾಗಿ ಈಗಾಗಲೇ ಮನೆ, ಸಾಲ, ಅಪ್ಪ ಅಮ್ಮನ ಆಸ್ಪತ್ರೆ ಅಂತ ಎಲ್ಲವನ್ನೂ ಹೊತ್ತು ಸುಸ್ತಾಗಿರುವವರು ದಯವಿಟ್ಟು ಇದನ್ನು ಆರಿಸಿಕೊಳ್ಳಬೇಡಿ. ನಿಮ್ಮ ಹೆಗಲ ಮೇಲೆ ಇನ್ನೊಂದು ಮೂಟೆ ಬೇಡ.

ಈಗ ಕನ್ನಡಕ್ಕೆ ತರುವ ಕೆಲಸ. ಇಂಗ್ಲಿಷಿನಲ್ಲೇ ಇಟ್ಟುಕೊಂಡರೆ ಅದು ಪೋಸ್ಟರ್ ಆಗಿಯೇ ಉಳಿಯುತ್ತದೆ. ರಾತ್ರಿ ಎರಡು ಗಂಟೆಗೆ ಎದೆ ಡವಡವ ಅನ್ನುವಾಗ ನಿಮಗೆ ನೀವೇ ಮಾತಾಡಿಕೊಳ್ಳುವುದು ಯಾವ ಭಾಷೆಯಲ್ಲಿ? ಆ ಭಾಷೆಗೆ ತನ್ನಿ. ನಾನು ಮೊದಲು "ನಾವು ಏಕೆ ಬೀಳುತ್ತೇವೆ? ಮೇಲೇಳುವುದನ್ನು ಕಲಿಯಲು" ಅಂತ ಬರೆದೆ. ತಪ್ಪೇನಿಲ್ಲ, ಆದರೆ ಶಾಲೆಯ ಗೋಡೆಬರಹದ ಹಾಗಿತ್ತು. ಆಮೇಲೆ ಒಂದೊಂದೇ ಪದ ತೆಗೆದೆ. ಕೊನೆಗೆ ಉಳಿದದ್ದು "ಬಿದ್ಯಲ್ಲ, ಈಗ ಏಳೋದು ಕಲಿ". ಇದನ್ನು ಅಡುಗೆಮನೆಯಿಂದ ಅಮ್ಮ ಕೂಗಿ ಹೇಳಿದರೂ ಸಹಜವಾಗಿ ಕೇಳಿಸುತ್ತದೆ. ಪರೀಕ್ಷೆ ಅದೇ: ಮನೆಯಲ್ಲಿ ಜೋರಾಗಿ ಹೇಳಿ ನೋಡಿ. ನಾಲಿಗೆ ತಡವರಿಸಿದರೆ ಇನ್ನೂ ಒಂದೆರಡು ಪದ ಕಿತ್ತು ಹಾಕಿ. ಮೈಸೂರಿನವರು, ಹುಬ್ಬಳ್ಳಿಯವರು, ಮಂಗಳೂರಿನವರು ತಂತಮ್ಮ ಮಾತಲ್ಲೇ ಮಾಡಿಕೊಳ್ಳಿ. ಬೆಂಗಳೂರಿಗೆ ಬಂದ ಮಾತ್ರಕ್ಕೆ ಮನಸ್ಸಿನ ಮಾತು ಬದಲಾಗುವುದಿಲ್ಲ.

ಮಾತು ಸಿದ್ಧವಾದ ಮೇಲೆ ಅದನ್ನು ಒಂದು ಸಣ್ಣ ಕೆಲಸಕ್ಕೆ ಗಂಟು ಹಾಕಿ. ಎಷ್ಟು ಸಣ್ಣದು ಅಂದರೆ, ಜ್ವರ ಬಂದ ದಿನವೂ ಮಾಡುವಂಥದ್ದು. ನಾನು ಚೀಟಿಯನ್ನು ಸ್ಕೂಟರ್ ಕೀ ಗೊಂಚಲಿಗೇ ಸುತ್ತಿ ರಬ್ಬರ್ ಬ್ಯಾಂಡ್ ಹಾಕಿದೆ. ಮೊದಲ ವಾರದ ಕೆಲಸ, ಬೇಸ್‌ಮೆಂಟಿಗೆ ಇಳಿದು ಕವರ್ ತೆಗೆದು ಸೀಟ್ ಒರೆಸಿ ವಾಪಸ್ ಬರುವುದು. ಅಷ್ಟೇ. ಎರಡನೇ ವಾರ ಸ್ಟಾರ್ಟ್ ಮಾಡಿ ಎರಡು ನಿಮಿಷ ನಿಂತುಕೊಳ್ಳುವುದು. ಮೂರನೇ ವಾರ ಬೆಳಿಗ್ಗೆ ಐದೂವರೆಗೆ, ಹಾಲಿನ ಗಾಡಿ ಬಿಟ್ಟರೆ ಯಾರೂ ಇಲ್ಲದ ಹೊತ್ತಲ್ಲಿ, ನಮ್ಮ ಬೀದಿಯ ಒಂದು ಸುತ್ತು.

ಆ ಮೂರನೇ ವಾರಕ್ಕೆ ಮೊದಲು ಎರಡು ದಿನ ಸುಳ್ಳು ನೆಪ ಹೇಳಿಕೊಂಡು ಮಲಗಿಬಿಟ್ಟೆ. ಆಗ ಸಹಾಯಕ್ಕೆ ಬಂದದ್ದು 2018ರ ‘ಇನ್‌ಟು ದ ಸ್ಪೈಡರ್‌ವರ್ಸ್’. ನಾನು ನಿಜವಾಗಿ ಸ್ಪೈಡರ್‌ಮ್ಯಾನ್ ಆದೆ ಅಂತ ಗೊತ್ತಾಗುವುದು ಯಾವಾಗ ಅಂತ ಹೊಸದಾಗಿ ಸ್ಪೈಡರ್‌ಮ್ಯಾನ್ ಆಗಲು ಹೊರಟ ಹುಡುಗ ಮೈಲ್ಸ್ ಕೇಳುತ್ತಾನೆ. ಗೊತ್ತಾಗುವುದಿಲ್ಲ, ನಂಬಿ ಹಾರಬೇಕು ಅಷ್ಟೇ ಅಂತ ಉತ್ತರ ಬರುತ್ತದೆ. ಕೊನೆಗೆ ಎತ್ತರದ ಕಟ್ಟಡದಿಂದ ಹಾರುವಾಗಲೂ ಅವನ ಬೆರಳು ಗಾಜಿಗೆ ಅಂಟಿಕೊಂಡೇ ಇರುತ್ತದೆ, ಗಾಜು ಒಡೆದುಕೊಂಡೇ ಹಾರುತ್ತಾನೆ. ಅಂದರೆ ಭಯ ಹೋಗಿರಲಿಲ್ಲ. ನನ್ನದೂ ಹೋಗಿರಲಿಲ್ಲ, ಬೆವರಿದ ಕೈಯಲ್ಲೇ ಆ ಸುತ್ತು ಹೊಡೆದೆ.

ಇನ್ನೊಂದು ಮಾತು ಹೇಳಲೇಬೇಕು. ಈ ಮಾತುಗಳನ್ನು ಹೀರೋಗಳು ತಮಗೆ ತಾವೇ ಹೇಳಿಕೊಂಡದ್ದು ಕಮ್ಮಿ. ಬ್ರೂಸ್‌ಗೆ ಅಪ್ಪ ಹೇಳಿದ. ಎಷ್ಟೋ ವರ್ಷದ ಮೇಲೆ ಮನೆ ಸುಟ್ಟು ಎಲ್ಲ ಕಳೆದುಕೊಂಡಾಗ ಅದನ್ನೇ ಮನೆಯ ಬಟ್ಲರ್ ಆಲ್‌ಫ್ರೆಡ್ ಮತ್ತೆ ನೆನಪಿಸಿದ. ಥೋರ್‌ಗೆ ಅಮ್ಮ. ಸಮುದ್ರದ ದಡದಲ್ಲಿ ಕೂತ ಹನುಮಂತನಿಗೂ ಅವನ ಶಕ್ತಿಯನ್ನು ಜಾಂಬವಂತನೇ ನೆನಪಿಸಬೇಕಾಯಿತು. ಅದಕ್ಕೇ ನಿಮ್ಮ ಸಾಲನ್ನು ಒಬ್ಬರಿಗೆ ಕೊಟ್ಟಿಡಿ. "ನಾನು ಸುಮ್ನೆ ಕೂತರೆ ಇದನ್ನ ಹೇಳು" ಅಂತ ಕೇಳಿಕೊಳ್ಳಿ. ನಾನು ಅಕ್ಕನ ಮಗನಿಗೆ ಕೊಟ್ಟಿದ್ದೆ. ದಿನಾ ಸಂಜೆ ತಪ್ಪದೆ ಫೋನ್ ಮಾಡಿ ಹೇಳುತ್ತಿದ್ದ.

ಬೇರೆಯವರಿಗೆ ಹೇಳುವಾಗ ಮಾತ್ರ ಬಾವಿಯ ದೃಶ್ಯ ನೆನಪಿಟ್ಟುಕೊಳ್ಳಿ. ಅಪ್ಪ ದಡದ ಮೇಲೆ ನಿಂತು ಬುದ್ಧಿ ಹೇಳಲಿಲ್ಲ. ಮೊದಲು ಇಳಿದ, ಮಗನನ್ನು ಎತ್ತಿಕೊಂಡ, ಮಾತು ಆಮೇಲೆ. ಗೆಳೆಯನ ಕೆಲಸ ಹೋಗಿದೆ ಅಂದರೆ ಕೊಟೇಷನ್ ಕಳಿಸುವ ಮೊದಲು ಅವನ ಮನೆಗೆ ಹೋಗಿ. ಒಂದು ಕಾಫಿ ಕುಡಿದು, ರೆಸ್ಯೂಮೆ ಜೊತೆಗೆ ಕೂತು ನೋಡಿ.

ಮತ್ತೆ, ವಾರಗಟ್ಟಲೆ ನಿದ್ದೆ ಇಲ್ಲ, ಊಟ ಸೇರುತ್ತಿಲ್ಲ, ಬದುಕೇ ಬೇಡ ಅನಿಸುತ್ತಿದೆ ಅಂದರೆ ಯಾವ ಹೀರೋ ಮಾತಿಗೂ ಕಾಯಬೇಡಿ. 14416ಕ್ಕೆ ಫೋನ್ ಮಾಡಿ. ಅದು ಸರ್ಕಾರದ ಟೆಲಿ ಮಾನಸ್ ಸಹಾಯವಾಣಿ, ದುಡ್ಡಿಲ್ಲ, ಕನ್ನಡದಲ್ಲೇ ಮಾತಾಡಬಹುದು. ನಮ್ಮ ಊರಲ್ಲೇ ನಿಮ್ಹಾನ್ಸ್ ಇದೆ. ಹೋಗಿ ತೋರಿಸಿಕೊಳ್ಳಿ.

ಒಂದು ಸಾಲು ಎಷ್ಟು ದಿನ ಬಾಳುತ್ತದೆ ಅಂತ ಕೇಳಬಹುದು. ಓದಿದಾಗ ಏನೂ ಅನಿಸದೇ ಇದ್ದ ದಿನ ಬದಲಾಯಿಸಿ. ಕೀ ಗೊಂಚಲಿನ ನನ್ನ ಚೀಟಿ ಬೆವರಿಗೆ ಮೆತ್ತಗಾಗಿ ಅಕ್ಷರ ಅಳಿಸಿಹೋಯಿತು. ಅಷ್ಟರಲ್ಲಿ ನಾನು ಜಯನಗರ ಫೋರ್ತ್ ಬ್ಲಾಕ್‌ವರೆಗೆ ಹೋಗಿ ತರಕಾರಿ ತಂದಾಗಿತ್ತು. ಮಳೆಯಲ್ಲಿ ಓಡಿಸುವುದು ಇನ್ನೂ ಆಗಿಲ್ಲ. ಅದಕ್ಕೆ ಹೊಸ ಸಾಲು ಹುಡುಕುತ್ತಿದ್ದೇನೆ.