ಸ್ಟೇಜಿಂದ ಕ್ಯಾಮೆರಾ ಮುಂದೆ ಹೋಗೋರು ಕೆಲ್ತೂಮ್ ಅವರ ನಟನೆ ನೋಡಿ ಕಲಿಯೋದು ಹೇಗೆ

ನಮ್ಮ ಶಿರಸಿ, ಹೊನ್ನಾವರ, ಕಾರವಾರ ಕಡೆ ಯಕ್ಷಗಾನ, ನಾಟಕ ಅಂತ ಓಡಾಡೋ ಹುಡುಗಿಯರಿಗೆ ಈಗ ಶಾರ್ಟ್ ಫಿಲ್ಮು, ಸೀರಿಯಲ್ಲಿಗೆಲ್ಲ ಕರೆ ಬರ್ತದೆ, ಹೋದ್ರೆ ಡೈರೆಕ್ಟರು ಹೇಳೋದು ಒಂದೇ ಮಾತು, "ಸ್ವಲ್ಪ ಕಡಿಮೆ ಮಾಡಿ ಮೇಡಂ". ನಟನೇಲಿ ಎಲ್ಲಿ ಕಡಿಮೆ, ಎಷ್ಟು ಕಡಿಮೆ ಅಂತ ಯಾರೂ ಬಿಡಿಸಿ ಹೇಳಲ್ಲ. ಅದಕ್ಕೇ ಅಲ್ಜೀರಿಯಾದ ನಟಿ ಕೆಲ್ತೂಮ್ ಅವರನ್ನ ಕೂತು ನೋಡಿ ಅಂತೀನಿ.

1916ರಲ್ಲಿ ಬ್ಲಿದಾ ಊರಲ್ಲಿ ಹುಟ್ಟಿದೋರು. 1930ರ ದಶಕದಲ್ಲೇ ಅಲ್ಲಿನ ರಂಗಕರ್ಮಿ ಮಹಿಯುದ್ದೀನ್ ಬಶ್ತಾರ್ಜಿ ಅವರ ಜೊತೆ ರಂಗಕ್ಕೆ ಬಂದ್ರು, ಆಗ ಅಲ್ಲಿ ಸ್ಟೇಜ್ ಹತ್ತೋ ಹೆಂಗಸರೇ ಬೆರಳೆಣಿಕೆ, ನಮ್ಮ ಮೇಳಗಳ ಸ್ತ್ರೀವೇಷದ ಹಾಗೆ ಹೆಣ್ಣಿನ ಪಾತ್ರನೂ ಗಂಡಸರೇ ಮಾಡ್ತಿದ್ದ ಕಾಲ ಆಗಷ್ಟೇ ದಾಟ್ತಿತ್ತು. ಎಷ್ಟೋ ವರ್ಷ ನಾಟಕ ಮಾಡಿ, 50ರ ವಯಸ್ಸಿನ ಹೊತ್ತಿಗೆ, 1966ರಲ್ಲಿ ಮೊಹಮ್ಮದ್ ಲಖ್ದರ್ ಹಮೀನಾ ಅವರ 'ಔರೆಸ್ ಗಾಳಿ' ಸಿನಿಮಾದಲ್ಲಿ ತಾಯಿ ಪಾತ್ರ. ಮರುವರ್ಷ ಕಾನ್ ಚಿತ್ರೋತ್ಸವದಲ್ಲಿ ಅದಕ್ಕೆ ಮೊದಲ ಚಿತ್ರದ ಪ್ರಶಸ್ತಿ ಬಂತು.

ಕಥೆ ಇಷ್ಟೇ, ಫ್ರೆಂಚರ ವಿರುದ್ಧ ಅಲ್ಜೀರಿಯಾ ಸ್ವಾತಂತ್ರ್ಯಕ್ಕೆ ಹೋರಾಡ್ತಿದ್ದ ಕಾಲ, ಫ್ರೆಂಚ್ ಸೈನಿಕರು ಮಗನ್ನ ಹಿಡ್ಕೊಂಡು ಹೋಗ್ತಾರೆ, ತಾಯಿ ಕೋಳಿ ಹಿಡ್ಕೊಂಡು ಕ್ಯಾಂಪಿಂದ ಕ್ಯಾಂಪಿಗೆ ಅವನನ್ನ ಹುಡುಕ್ತಾ ಅಲೀತಾಳೆ.

ಮೊದಲ ಸಲ ಸೌಂಡ್ ಪೂರ್ತಿ ತೆಗೆದು ನೋಡಿ. ಮುಖ ಬಿಟ್ಟುಬಿಡಿ, ನಡಿಗೆ ನೋಡಿ. ಕಷ್ಟಪಟ್ಟು ನಡೀತಿದೀನಿ ಅಂತ ತೋರ್ಸೋ ನಡಿಗೆ ಅಲ್ಲ ಅದು, ಎಲ್ಲಿಗೋ ಹೋಗಿ ಮುಟ್ಟಲೇಬೇಕಾದವರ ನಡಿಗೆ. ಎರಡನೇ ಸಲ ಸೌಂಡ್ ಇಟ್ಟು, ಅವರು ಬಾಯಿ ತೆರೆಯದೇ ಇರೋ ಜಾಗ ಮಾತ್ರ ಒಂದು ಹಾಳೇಲಿ ಬರ್ಕೊಳ್ಳಿ. ನನ್ನ ಪ್ರಕಾರ ಆ ಸಿನಿಮಾ ನಿಂತಿರೋದೇ ಆ ಜಾಗಗಳ ಮೇಲೆ.

ಆಮೇಲೆ ನೀವೇ ಮಾಡಿ ನೋಡಿ. ಕೈಯಲ್ಲಿ ನಿಜವಾದ ಭಾರ ಇರ್ಲಿ, ನೀರು ತುಂಬಿದ ಕೊಡ ಸಾಕು, ಖಾಲಿ ಕೊಡ ಬೇಡ, ಭಾರದ ನಟನೆ ಮಾಡೋಕೆ ಹೋದ ಕೂಡ್ಲೇ ಭುಜ ಸುಳ್ಳು ಹೇಳ್ತದೆ. ಅಂಗಳದ ತುದಿಯಿಂದ ಗೇಟಿನವರೆಗೆ ನಡೀರಿ, ಗೇಟಲ್ಲಿ ನಿಂತು "ನನ್ನ ಮಗ ಇಲ್ಲಿದ್ದಾನಾ?" ಅಂತ ಒಂದೇ ಮಾತು ಕೇಳಿ. ಮೊಬೈಲನ್ನ ಮೊದಲು ಹತ್ತು ಅಡಿ ದೂರ ಇಡಿ, ಆಮೇಲೆ ಮೂರು ಅಡಿ. ಯಕ್ಷಗಾನ ಕಲಿತವರಿಗೆ ಹುಬ್ಬು ತಾನಾಗೇ ಏಳ್ತದೆ, ರಾತ್ರಿ ಬಯಲಲ್ಲಿ ಕೊನೇ ಸಾಲಿನವರಿಗೂ ಕಾಣ್ಬೇಕಲ್ಲ, ಆದ್ರೆ ಮೂರು ಅಡೀಲಿ ಅದು ಅತಿ ಆಗ್ತದೆ. ಹಾಗಂತ ಕಣ್ಣಿನ ಕೆಲಸ ಬಿಡಬೇಡಿ, ನೀವು ಕಲಿತಿರೋ ವಿದ್ಯೆಯಲ್ಲಿ ಕ್ಯಾಮೆರಾಕ್ಕೆ ಅತಿ ಹೆಚ್ಚು ಬೇಕಾಗಿರೋದೇ ಅದು. ಹುಬ್ಬು ಇಳಿಸಿ, ದೃಷ್ಟಿ ಒಂದೇ ಕಡೆ ನಿಲ್ಲಿಸಿ, ಉಸಿರು ಮಾತ್ರ ಸ್ಟೇಜಲ್ಲಿ ಇದ್ದಷ್ಟೇ ಪೂರ್ತಿ ಇರ್ಲಿ.

ದನಿ ಎದುರಿಗೆ ನಿಂತವನಿಗೆ ಕೇಳಿದ್ರೆ ಸಾಕು. ಕಾರವಾರ ಬೀಚಲ್ಲಿ ರೆಕಾರ್ಡ್ ಮಾಡೋರು ಗಾಳಿಮರದ ಮರೆಗೆ ಹೋಗಿ, ಇಲ್ಲಾಂದ್ರೆ ಮೈಕಲ್ಲಿ ಬರೀ ಗಾಳಿ.

ಮತ್ತೆ, ಶೂಟಿಂಗ್ ಸಿಕ್ತು ಅಂತ ನಾಟಕ, ಮೇಳ ಬಿಡೋ ಯೋಚನೆ ದಯವಿಟ್ಟು ಬೇಡ. ಸೆಟ್‌ಗೆ ಹೋದ ದಿನ ಕ್ಯಾಮೆರಾದವರ ಹತ್ರ ನಾಚಿಕೆ ಇಲ್ದೆ ಕೇಳಿ, ಫ್ರೇಮ್ ಸೊಂಟದವರೆಗಾ, ಕುತ್ತಿಗೆವರೆಗಾ ಅಂತ. ಉತ್ತರ ಸಿಕ್ಕ ಮೇಲೆ ಎಷ್ಟು ಕಡಿಮೆ ಮಾಡ್ಬೇಕು ಅನ್ನೋದನ್ನ ನೀವೇ ತೀರ್ಮಾನ ಮಾಡ್ಬಹುದು.